ಮೂರನೆಯ ಮೇಜಿನ ಹಾಳೆ

ಮಹಿಳಾ ಸೆರೆಮನೆ, ಲಾ ಪಾಸ್
24 ನವೆಂಬರ್ 2019

ಮೇಷ್ಟ್ರೇ,

ಲಕೋಟೆಯ ಮೇಲಿನ ಕಾಗೆ ಕಾಲು ಗುಬ್ಬಿ ಕಾಲು ಅಕ್ಷರ ನೋಡಿದ ಕೂಡಲೇ ಇದು ಸೆನೋಬಿಯಾಳ ಕಾಗದ ಎಂದು ನಿಮಗೆ ಗೊತ್ತಾಗಿರುತ್ತದೆ. ಗಾಬರಿಯಾಗಬೇಡಿ, ಚೆನ್ನಾಗಿದ್ದೇನೆ. ಇಲ್ಲಿ ಯಾರೂ ಹೊಡೆದಿಲ್ಲ. ಒಂದು ಹಾಸಿಗೆಗೆ ಇಬ್ಬರಂತೆ ಮಲಗಿಸುತ್ತಾರೆ. ನನ್ನ ಜೊತೆಗಾತಿ ದೋನ್ಯಾ ಹಸಿಂತಾ ಎಂಬ ಮುದುಕಿ ಒಳ್ಳೆಯವಳು, ಗೊರಕೆಯೊಂದು ಬಿಟ್ಟರೆ.

ಪೊಲೀಸರು ನನ್ನನ್ನು ಜೀಪಿಗೆ ಹತ್ತಿಸಿದ ದಿನ ನೀವು ಕಾಲಾಪಾತದಲ್ಲಿ ಇರಲಿಲ್ಲ ಎಂದು ನನ್ನ ಗಂಡ ರುಫೀನೋ ಹೇಳಿದ. ಇದ್ದಿದ್ದರೆ ಅಲ್ಲೇ ನಾಲ್ಕು ಮಾತು ಹೇಳಿ ಬಿಡಿಸುತ್ತಿದ್ದಿರಿ. ಅದಕ್ಕೇ ಆದದ್ದನ್ನು ಬರೆಯುತ್ತಿದ್ದೇನೆ.

ಅಕ್ಟೋಬರ್ ಇಪ್ಪತ್ತರ ಮತದಾನ ನಿಮಗೆ ನೆನಪಿದೆ. ಚೀಟಿ ಎತ್ತಿದಾಗ ಶಾಲೆಯ ಮತಗಟ್ಟೆಯಲ್ಲಿ ಮೂರನೆಯ ಮೇಜಿನ ಅಧ್ಯಕ್ಷಿಣಿ ಎಂದು ನನ್ನ ಹೆಸರು ಬಂತು. ಸಂಜೆ ಎಣಿಕೆ ಮುಗಿದ ಮೇಲೆ ನಾಲ್ಕು ಮೇಜಿನ ಮತಲೆಕ್ಕದ ಹಾಳೆಗಳನ್ನೂ ನೀವೇ ತುಂಬಿಸಿದಿರಿ. ಈಗ ಅಧ್ಯಕ್ಷರು ದೇಶ ಬಿಟ್ಟು ಹೋದರಲ್ಲ, ಹೊಸಬರು ಬಂದು ಎಲ್ಲ ಹಾಳೆಗಳನ್ನೂ ಬಿಚ್ಚಿ ನೋಡುತ್ತಿದ್ದಾರೆ. ಒಂದೇ ಶಾಲೆಯ ನಾಲ್ಕು ಹಾಳೆಗೂ ಒಂದೇ ಕೈಬರಹ ಬಂದದ್ದು ಹೇಗೆ, ಇದು ಮೋಸ ಎನ್ನುತ್ತಾರೆ. ಮಿಕ್ಕ ಮೂರು ಮೇಜಿನವರನ್ನು ವಿಚಾರಿಸಿ ಬಿಟ್ಟರು. ನನ್ನ ಹಾಳೆಯಲ್ಲಿ ಒಂದು ಅಂಕಿಯನ್ನು ತಿದ್ದಿದೆಯಂತೆ. ಅದಕ್ಕೇ ನಾನು ಒಳಗೆ.

ನಿಮ್ಮ ಹೆಸರು ನಾನು ಹೇಳಿಲ್ಲ. ನನ್ನ ಮೊದಲ ಕೂದಲು ಕತ್ತರಿಸಿದ ಧರ್ಮತಂದೆ ನೀವು, ನಿಮ್ಮ ಹೆಸರು ನನ್ನ ಬಾಯಲ್ಲಿ ಬರುವುದು ಚೆಂದವಲ್ಲ. ನೀವೇ ಬಂದು "ಅವರು ಕೇಳಿದ್ರು, ನಾನು ಬರೆದುಕೊಟ್ಟೆ" ಎಂದರೆ ಮುಗಿಯಿತು. ದಂಡ ಹಾಕಬಹುದು, ಅಷ್ಟೇ ಎಂದು ವಕೀಲರು ಹೇಳಿದರು.

ಬೇಗ ಬನ್ನಿ ಮೇಷ್ಟ್ರೇ. ಮುಂದಿನ ವರ್ಷ ಬಿಟ್ಟು ಅದರಾಚೆಯ ಜನವರಿಗೆ ಊರ ಯಜಮಾನಿಕೆಯ ಕೋಲು ನಮ್ಮ ಮನೆಗೆ ಬರಬೇಕು. ವರ್ಷಕ್ಕೊಂದರಂತೆ ಮೂವತ್ತೊಂದು ಮನೆ ಸುತ್ತಿ ಬರುವ ಸರದಿ. ಸಜೆ ಬಿದ್ದವರ ಕೈಗೆ ಕೋಲು ಕೊಡುವುದಿಲ್ಲ ಎಂಬ ಕಟ್ಟಳೆ ನನಗಿಂತ ನಿಮಗೆ ಚೆನ್ನಾಗಿ ಗೊತ್ತು.

ಈ ಕಾಗದವನ್ನು ರುಫೀನೋ ತನ್ನ ಟೋಪಿಯೊಳಗೆ ಒಯ್ಯುತ್ತಾನೆ, ಹೊರಗೆ ಹೋಗುವವರನ್ನು ಇಲ್ಲಿ ತಡಕಿ ನೋಡುವುದಿಲ್ಲ. ಒಳಗೆ ಬರುವ ಕಾಗದವನ್ನು ಮಾತ್ರ ಬಾಗಿಲಲ್ಲೇ ಓದುತ್ತಾರೆ. ನೋಡಿಕೊಂಡು ಬರೆಯಿರಿ.

ನಿಮ್ಮ ಮಗಳಂಥವಳು,
ಸೆನೋಬಿಯಾ

*

ಕಾಲಾಪಾತ
8 ಡಿಸೆಂಬರ್ 2019

ಪ್ರಿಯ ಮಗಳೇ,

ಅಕ್ಷರ ನೋಡಿ ಬೇಸರ ಪಡಬೇಡ. ಹೋದ ವಾರ ಕುರಿಹಟ್ಟಿಯ ಗೋಡೆ ಕಟ್ಟುವಾಗ ಮಣ್ಣಿನ ಇಟ್ಟಿಗೆ ಬಿದ್ದು ಬಲಗೈಗೆ ಪೆಟ್ಟಾಯಿತು. ಎಡಗೈಯಲ್ಲಿ ಬರೆಯುತ್ತಿದ್ದೇನೆ. ಇಪ್ಪತ್ತೆರಡು ವರ್ಷ ಊರ ನಡಾವಳಿ ಪುಸ್ತಕ ಬರೆದ ಕೈ ಇದೇ ಏನು ಎಂದು ನನಗೇ ನಗು ಬರುತ್ತಿದೆ.

ನೀನು ಧೈರ್ಯದಿಂದ ಇರುವುದು ತಿಳಿದು ಸಂತೋಷವಾಯಿತು. ಆ ಸಂಜೆಯ ವಿಷಯ ಬರೆದಿದ್ದೀಯೆ. ಮಂದ ಬೆಳಕು, ಗದ್ದಲ, ಎಲ್ಲರೂ ಕೂಡಿ ಮಾಡಿದ ಕೆಲಸ. ಯಾರು ಏನು ಮಾಡಿದರು ಎಂಬುದು ನನಗೆ ಅಷ್ಟಾಗಿ ನೆನಪಿಲ್ಲ. ಕಾಲ ಎಲ್ಲವನ್ನೂ ತಿಳಿಯಾಗಿಸುತ್ತದೆ. ಈಗ ನಗರದಲ್ಲಿ ಜನರ ತಲೆ ಬಿಸಿಯಾಗಿದೆ, ಮನೆಗಳಿಗೆ ಬೆಂಕಿ ಇಟ್ಟರಂತೆ. ತಣ್ಣಗಾದ ಮೇಲೆ ನ್ಯಾಯ ತಾನಾಗಿ ಸಿಗುತ್ತದೆ.

ನಮ್ಮ ಅಧ್ಯಕ್ಷರು ಹೋದ ದಿನ ನಾನು ಅತ್ತೆ ಮಗಳೇ. ಈ ಶಾಲೆಗೆ ತಗಡಿನ ಸೂರು ಬಂದದ್ದು ಅವರ ಕಾಲದಲ್ಲಿ. ನಮ್ಮ ಮುಖದಂಥ ಮುಖ ಆ ಅರಮನೆಯಲ್ಲಿ ಕುಳಿತದ್ದು ಅದೇ ಮೊದಲು. ಇನ್ನೊಂದು ಅವಧಿ ಕೊಟ್ಟಿದ್ದರೆ ಏನು ಹೋಗುತ್ತಿತ್ತು?

ನಿನ್ನ ಮಗಳು ನೈದಾ ಚೆನ್ನಾಗಿದ್ದಾಳೆ. ಕೂಡುವ ಲೆಕ್ಕ ಕಲಿತಿದ್ದಾಳೆ. ಆಲೂಗಡ್ಡೆ ಗಿಡ ಹೂ ಬಿಟ್ಟಿದೆ.

ನಿನ್ನ ಧರ್ಮತಂದೆ,
ಸತುರ್ನಿನೋ ಲಿಮಾಚಿ

*

ಲಾ ಪಾಸ್
22 ಡಿಸೆಂಬರ್ 2019

ಮೇಷ್ಟ್ರೇ,

ನಿಮ್ಮ ಕೈ ಕಥೆ ಓದಿ ಎರಡು ದಿನ ನನಗೆ ಊಟ ಸೇರಲಿಲ್ಲ. ಊರಿಗೆಲ್ಲ ಇರುವುದು ಆ ಒಂದು ಕೈ. ರುಫೀನೋ ಜೊತೆ ಉಣ್ಣೆಯ ಕೈಗವಸು ಕಳಿಸಿದ್ದೇನೆ, ಬಲಗೈಯದು ಮಾತ್ರ. ಅಲ್ಪಾಕಾ ಉಣ್ಣೆ, ದೋನ್ಯಾ ಹಸಿಂತಾ ಕೊಟ್ಟಳು. ಮಲಗುವಾಗ ಹಾಕಿಕೊಳ್ಳಿ. ಬೆಳಿಗ್ಗೆ ಕೋಕಾ ಎಲೆ ಅರೆದು ಪಟ್ಟು ಹಾಕಿ.

ನೆನಪಿಲ್ಲ ಎಂದು ಬರೆದದ್ದು ಬಾಗಿಲ ಓದುಗರಿಗಾಗಿ ಎಂದು ಅರ್ಥಮಾಡಿಕೊಂಡೆ. ಬುದ್ಧಿವಂತರು ನೀವು. ಕೈ ವಾಸಿಯಾದ ಮೇಲೆ ಬಸ್ಸು ಹತ್ತಿ.

ಮೊನ್ನೆ ಸರ್ಕಾರಿ ವಕೀಲರು ಕರೆಸಿದ್ದರು. ಚಿಕ್ಕ ವಯಸ್ಸು, ಕೋಟಿನ ಮೇಲೆ ಬಿಸ್ಕತ್ತಿನ ಪುಡಿ. ಹಾಳೆಯನ್ನು ಮುಂದಿಟ್ಟರು. ಒಂದು ಅಂಕಿಯ ಸುತ್ತ ಕೆಂಪು ಗೆರೆ.

"ಇದೇನಮ್ಮ ಇದು?"

"ಏಳು, ಸ್ವಾಮಿ."

"ಏಳು ಅಂತ ನನಗೂ ಕಾಣ್ತದೆ. ಮೊದಲು ಏನಿತ್ತು? ಎಪ್ಪತ್ತಾ?"

"ಮೊದಲೂ ಏಳೇ ಇತ್ತು."

"ಏಳನ್ನ ತಿದ್ದಿ ಏಳು ಮಾಡಿದ್ರಿ. ಯಾರಾದ್ರೂ ನಂಬ್ತಾರೇನಮ್ಮ?"

ಆಗಿದ್ದು ಅದೇ ಅಲ್ಲವೇ ಮೇಷ್ಟ್ರೇ. ಹಾಳೆಯನ್ನು ಅಧ್ಯಕ್ಷಿಣಿಯೇ ಬರೆಯಬೇಕು ಎಂದು ತರಬೇತಿಯಲ್ಲಿ ಹೇಳಿದ್ದರಿಂದ ನಾನು ಬರೆಯಲು ಕುಳಿತೆ. ಮೊದಲ ಅಂಕಿ ಏಳು. ವಿರೋಧ ಪಕ್ಷಕ್ಕೆ ಬಿದ್ದ ಏಳು ಮತ. ನೀವು ಹಿಂದೆ ಬಂದು ನಿಂತು, "ಕೊಡಮ್ಮ ಇಲ್ಲಿ, ಕೆಡಿಸ್ತೀಯ. ಲಾ ಪಾಸ್‌ನೋರು ನೋಡಿದ್ರೆ ಕಾಲಾಪಾತದಲ್ಲಿ ಕುರಿ ಬರೀತಾವೆ ಅಂತಾರೆ" ಎಂದಿರಿ. ಎಲ್ಲರೂ ನಕ್ಕರು, ನಾನೂ ನಕ್ಕೆ. ಲೇಖನಿ ಕೊಟ್ಟುಬಿಟ್ಟೆ. ನನ್ನ ಸೊಟ್ಟ ಏಳಿನ ಮೇಲೆ ನೀವು ದಪ್ಪಗೆ ಇನ್ನೊಂದು ಏಳು ಬರೆದಿರಿ. ಕೊಡದೆ ಇದ್ದಿದ್ದರೆ ಎಂದು ಇಲ್ಲಿ ಮಲಗಿ ಯೋಚಿಸುತ್ತೇನೆ. ತಪ್ಪು ನನ್ನದೂ ಇದೆ.

ಅಧ್ಯಕ್ಷರಿಗೆ ಇನ್ನೊಂದು ಅವಧಿ ಎಂದಿರಿ. ಸುಮಾರು ನಾಲ್ಕು ವರ್ಷದ ಹಿಂದೆ ಮತ ಹಾಕಿಸಿ ಇಡೀ ದೇಶವನ್ನು ಕೇಳಿದ್ದರು, ಬೇಡ ಎಂದವರೇ ಹೆಚ್ಚಿದ್ದರು. ಆಮೇಲೆ ನ್ಯಾಯಾಧೀಶರನ್ನು ಕೇಳಿ ಆಗಬಹುದು ಎನ್ನಿಸಿಕೊಂಡರು. ನಮ್ಮೂರಲ್ಲಿ ಕೋಲು ಹಿಡಿದವನು ಒಂದು ವರ್ಷ ಮುಗಿದ ಮೇಲೆ "ನನ್ನಷ್ಟು ಚೆನ್ನಾಗಿ ಯಾರು ಹಿಡೀತಾರೆ" ಎಂದರೆ ಬಿಡುತ್ತೀರಾ?

ಹಬ್ಬಕ್ಕೆ ಒಳ್ಳೆಯದಾಗಲಿ.
ಸೆನೋಬಿಯಾ

*

ಕಾಲಾಪಾತ
19 ಜನವರಿ 2020

ಪ್ರಿಯ ಮಗಳೇ,

ಉತ್ತರ ತಡವಾಯಿತು. ಕೈಗವಸು ಬಂತು. ಬಹಳ ಬೆಚ್ಚಗಿದೆ. ನೋವು ಇನ್ನೂ ಇದೆ, ಈಗಲೂ ಎಡಗೈಯಲ್ಲೇ ಬರೆಯುತ್ತಿದ್ದೇನೆ.

ಹೊಸ ವರ್ಷಕ್ಕೆ ಕೋಲು ದೋನ್ ಎಲೆಉತೇರಿಯೋ ಮನೆಗೆ ಹೋಯಿತು. ಕುರಿ ಕಡಿದರು, ಬ್ಯಾಂಡು ಬಂದಿತ್ತು. ನಿನ್ನನ್ನು ಎಲ್ಲರೂ ನೆನೆಸಿಕೊಂಡರು. ನಾನು ಹೆಚ್ಚು ಹೊತ್ತು ಕೂರಲಿಲ್ಲ.

ನನಗೆ ಇನ್ನು ಎರಡು ವರ್ಷಕ್ಕೆ ನಿವೃತ್ತಿ. ಈಗಿನ ಶಿಕ್ಷಣ ಕಚೇರಿಯಲ್ಲಿ ಹೊಸ ಮುಖಗಳು, ಹಳೆಯ ಅಧ್ಯಕ್ಷರ ಕಡೆಯವರು ಯಾರು ಎಂದು ಪಟ್ಟಿ ಮಾಡುತ್ತಿದ್ದಾರೆ ಎಂಬ ಸುದ್ದಿ. ಯಾಕೆ ಬರೆದೆನೋ, ಸುಮ್ಮನೆ ಬರೆದೆ. ನಿನಗೆ ಅದೆಲ್ಲ ಯಾಕೆ.

ಒಳ್ಳೆಯ ವಕೀಲರನ್ನು ನಂಬು. ದೇವರನ್ನು ನಂಬು.

ಸತುರ್ನಿನೋ ಲಿಮಾಚಿ

*

ಲಾ ಪಾಸ್
16 ಫೆಬ್ರವರಿ 2020

ಮೇಷ್ಟ್ರೇ,

ಈ ಭಾನುವಾರ ರುಫೀನೋ ನೈದಾಳನ್ನು ಕರೆತಂದಿದ್ದ. ಶಾಲೆ ಶುರುವಾಯಿತಲ್ಲ, ಹೊಸ ಪುಸ್ತಕ ಎದೆಗೆ ಅವುಚಿಕೊಂಡು ಬಂದಳು. ಮೊದಲ ಪುಟದಲ್ಲಿ ನಿಮ್ಮ ಕೈಬರಹದಲ್ಲಿ ಅವಳ ಹೆಸರು. ನೈದಾ ಎಂಬುದರ ಮೊದಲ ಅಕ್ಷರಕ್ಕೆ ಬಳ್ಳಿ ಸುತ್ತಿಸಿ, ಕೆಳಗೆ ಎರಡು ಗೆರೆ ಎಳೆದು, ತಾರೀಖು ಹಾಕಿ ಬರೆದಿತ್ತು. ಫೆಬ್ರವರಿ ಮೂರು.

"ಮೇಷ್ಟ್ರ ಕೈ ವಾಸಿಯಾಯ್ತಾ ಪುಟ್ಟಿ?" ಎಂದೆ.

"ಯಾವ ಕೈ?"

"ಬಲಗೈ. ಗೋಡೆ ಕಟ್ಟುವಾಗ ಪೆಟ್ಟಾಗಿತ್ತಲ್ಲ."

"ಇಲ್ವಲ್ಲಮ್ಮ. ದಿನಾ ಹಲಗೆ ತುಂಬಾ ಬರೀತಾರೆ. ಹಬ್ಬಕ್ಕೆ ಎಲ್ಲರ ಮನೆಗೂ ಕಾರ್ಡ್ ಬರ್ಕೊಟ್ರು."

ದೋನ್ಯಾ ಹಸಿಂತಾ ನಿಮ್ಮ ಎರಡೂ ಕಾಗದಗಳನ್ನು ಬೆಳಕಿಗೆ ಹಿಡಿದು ನೋಡಿದಳು. "ಕೈ ನೊಂದೋರು ಹಿಂಗೆ ಬರಿಯಲ್ಲ ಕಣೆ. ಕೈ ಬಚ್ಚಿಡೋರು ಹಿಂಗೆ ಬರೀತಾರೆ" ಎಂದಳು. ಅವಳು ಒಳಗಿರುವುದೇ ಸುಳ್ಳು ಸಹಿಗೆ, ಅವಳಿಗೆ ತಿಳಿಯದೇ ಇರುತ್ತದೆಯೇ.

ನಾನು ಎಂಥ ಪೆದ್ದಿ. ನಿಮ್ಮ ಕೈಗೆಂದು ಕೈಗವಸು ಹೆಣೆಯುತ್ತ ಕುಳಿತಿದ್ದೆ. ನೀವು ಕೈ ಮುಚ್ಚಿಟ್ಟುಕೊಳ್ಳುವುದಕ್ಕೆ ಅದೂ ಒಂದು ಆಯಿತು.

ಒಂದು ಮಾತು ಹೇಳುತ್ತೇನೆ, ಊರಲ್ಲಿ ಯಾರಿಗೂ ಹೇಳಿಲ್ಲ. ಎಲ್ಲರೂ ಅಧ್ಯಕ್ಷರಿಗೇ ಮತ ಹಾಕಬೇಕು ಎಂದು ಊರ ಸಭೆ ತೀರ್ಮಾನಿಸಿತ್ತು, ಅದನ್ನು ಬರೆದವರೂ ನೀವೇ. ನಾನು ಹಾಕಲಿಲ್ಲ. ಆ ಏಳರಲ್ಲಿ ಒಂದು ನನ್ನದು. ಊರಿಗೆ ತಪ್ಪಿ ನಡೆದೆನಲ್ಲ ಎಂದು ಅವತ್ತಿನಿಂದ ಅಳುಕು ಇತ್ತು. ಈಗ ನೋಡಿ, ಆ ಅಧ್ಯಕ್ಷರಿಗಾಗಿಯೇ ಮೋಸ ಮಾಡಿದೆ ಎಂದು ನನ್ನನ್ನು ಹಿಡಿದಿದ್ದಾರೆ. ಸರ್ಕಾರಿ ವಕೀಲರಿಗೆ ಇದನ್ನು ಹೇಳಿದೆ. ಅವರು ನಕ್ಕು ಬಿಸ್ಕತ್ತು ತಿಂದರು.

ಅವರೊಂದು ದಾರಿ ಹೇಳಿದ್ದಾರೆ. ಬರೆದದ್ದೂ ತಿದ್ದಿದ್ದೂ ನಾನೇ ಎಂದು ಒಪ್ಪಿಕೊಂಡರೆ ಮೂರು ವರ್ಷ ಸಜೆ ಎಂದು ಬರೆದುಕೊಳ್ಳುತ್ತಾರೆ, ಆದರೆ ಒಳಗೆ ಇಡದೆ ಮನೆಗೆ ಬಿಡುತ್ತಾರೆ. ಒಪ್ಪದಿದ್ದರೆ ವಿಚಾರಣೆ ಎಂದು ನಡೆಯುತ್ತದೋ ಅಂದಿನವರೆಗೆ ಇಲ್ಲೇ. ನಾನು ಇನ್ನೂ ಒಪ್ಪಿಲ್ಲ. ಮಾಡದ ತಪ್ಪನ್ನು ಹೊತ್ತುಕೊಂಡರೆ ಕೋಲು ಹೋಯಿತು, ನನ್ನ ಅತ್ತೆಯ ಕಾಲದಿಂದ ಕಾದ ಸರದಿ ಹೋಯಿತು.

ಮಾರ್ಚ್ ಮುಗಿಯುವವರೆಗೆ ಕಾಯುತ್ತೇನೆ. ಮುಂದಿನ ಕಾಗದವನ್ನು ಯಾವ ಕೈಯಲ್ಲಿ ಬರೆಯುತ್ತೀರಿ ಎಂದು ನೋಡುತ್ತೇನೆ.

ಸೆನೋಬಿಯಾ

*

ಕಾಲಾಪಾತ
8 ಮಾರ್ಚ್ 2020

ಸೆನೋಬಿಯಾ,

ಇದು ನನ್ನ ಬಲಗೈ. ಬಾಗಿಲಲ್ಲಿ ಓದುವವರು ಓದಲಿ.

ನನ್ನ ಕೈಗೆ ಏನೂ ಆಗಿಲ್ಲ, ಹಾಳೆಯ ಅಕ್ಷರಕ್ಕೆ ಹೋಲಿಸಿಬಿಟ್ಟಾರು ಎಂದು ಎಡಗೈಯಲ್ಲಿ ಬರೆದೆ. ಪೊಲೀಸರು ಬಂದ ದಿನ ನಾನು ಊರಲ್ಲೇ ಇದ್ದೆ. ತರಗತಿಯ ಕಿಟಕಿಯಿಂದ ಜೀಪು ನೋಡಿದೆ. ನೀನು ಹತ್ತುವ ಮುಂಚೆ ಒಮ್ಮೆ ಶಾಲೆಯ ಕಡೆ ತಿರುಗಿದೆ. ನಾನು ಬಗ್ಗಿ ಸೀಮೆಸುಣ್ಣ ಆರಿಸಿದೆ. ಮಕ್ಕಳು ನೋಡುತ್ತಿದ್ದರು. ನಿನ್ನ ಮಗಳೂ ನೋಡುತ್ತಿದ್ದಳು.

ಮೊದಲು ಪಿಂಚಣಿಯ ಭಯ ಎಂದುಕೊಂಡೆ. ಆಮೇಲೆ ನಗರದ ಗಲಾಟೆಯ ಭಯ ಎಂದುಕೊಂಡೆ. ನಿಜ ಅದಲ್ಲ. ಲಿಮಾಚಿ ಮೇಷ್ಟ್ರ ಅಕ್ಷರ ಮೋಸದ ಅಕ್ಷರ ಎಂದು ಪತ್ರಿಕೆಯಲ್ಲಿ ಬರುತ್ತದೆಯಲ್ಲ, ಆ ಭಯ. ನನ್ನಲ್ಲಿ ಬೇರೇನಿದೆ? ಅದಕ್ಕಾಗಿ ನಿನ್ನನ್ನು ನಾಲ್ಕು ತಿಂಗಳು ಅಲ್ಲಿ ಕೂರಿಸಿದೆ. ಬರೆಯಲು ನಾಚಿಕೆಯಾಗುತ್ತದೆ.

ಕೋಲಿನ ಮಾತು ಬರೆದೆಯಲ್ಲ, ಅದು ನನಗೆ ನಾಟಿತು. ಈ ಊರಲ್ಲಿ ಕೋಲು ಮೂವತ್ತೊಂದು ಮನೆ ಸುತ್ತುತ್ತದೆ. ಲೇಖನಿ ಮಾತ್ರ ಇಪ್ಪತ್ತೆರಡು ವರ್ಷದಿಂದ ನನ್ನ ಹತ್ತಿರವೇ ಇದೆ. ಶಾಲೆ ಕಲಿತ ಮಕ್ಕಳು ಎಷ್ಟು ಜನ ಬಂದರು, ಒಬ್ಬರಿಗೂ ಕೊಡಲಿಲ್ಲ. ಯಾರಾದರೂ ಕೈ ಚಾಚಿದರೆ ಅವರ ಅಕ್ಷರವನ್ನು ಆಡಿಕೊಂಡೆ. ಅವತ್ತು ನಿನ್ನನ್ನೂ ಆಡಿಕೊಂಡೆ. ನಿನ್ನ ಏಳು ಸರಿಯಾಗಿಯೇ ಇತ್ತು. ಓದಲು ಬರುತ್ತಿತ್ತು. ನನಗೆ ತಡೆಯಲಾಗಲಿಲ್ಲ, ಅಷ್ಟೇ.

ಮಾರ್ಚ್ ಇಪ್ಪತ್ತಮೂರು ಸೋಮವಾರ ಸರ್ಕಾರಿ ವಕೀಲರ ಕಚೇರಿಗೆ ಬರುತ್ತೇನೆ. ಅವರ ಎದುರಿಗೇ ಬರೆದು ತೋರಿಸುತ್ತೇನೆ. ಏನನ್ನೂ ಒಪ್ಪಿಕೊಳ್ಳಬೇಡ.

ಸತುರ್ನಿನೋ

*

ಎಲ್ ಆಲ್ಟೊ
9 ಆಗಸ್ಟ್ 2020

ಮೇಷ್ಟ್ರೇ,

ಮಾರ್ಚ್ ತಿಂಗಳ ನಿಮ್ಮ ಕಾಗದ ಜುಲೈನಲ್ಲಿ ಸಿಕ್ಕಿತು. ಜ್ವರದ ಭಯಕ್ಕೆ ಸೆರೆಮನೆಯ ಬಾಗಿಲು ಹಾಕಿದಾಗ ಅಂಚೆಯನ್ನೂ ಒಂದು ಮೂಟೆ ಕಟ್ಟಿ ಮೂಲೆಗೆ ಎಸೆದಿದ್ದರು. ನಾನು ಹೊರಗೆ ಬಂದ ಒಂದು ತಿಂಗಳಿಗೆ ಯಾರೋ ಪುಣ್ಯಾತ್ಮರು ನಾದಿನಿಯ ಈ ವಿಳಾಸಕ್ಕೆ ಕಳಿಸಿದರು.

ಹೌದು, ಹೊರಗಿದ್ದೇನೆ. ಜೂನ್ ಮೂರಕ್ಕೆ ಒಪ್ಪಿಕೊಂಡೆ. ಮಾರ್ಚ್ ಇಪ್ಪತ್ತೆರಡಕ್ಕೆ ದೇಶವೆಲ್ಲ ಬಾಗಿಲು ಹಾಕಿತು, ಇಪ್ಪತ್ತಮೂರಕ್ಕೆ ನಿಮಗೆ ಬರಲಾಗಲಿಲ್ಲ ಎಂದು ನನಗೆ ಗೊತ್ತು. ಅದನ್ನು ನಾನು ಕೇಳುವುದಿಲ್ಲ. ಆದರೆ ಮೇ ತಿಂಗಳಲ್ಲಿ ಆಲೂಗಡ್ಡೆ ಲಾರಿಗಳು ಓಡಾಡುತ್ತಿದ್ದವು. ರುಫೀನೋ ಎರಡು ಸಲ ಅವುಗಳಲ್ಲೇ ಬಂದು ಬಾಗಿಲಾಚೆಯಿಂದ ಕೂಗಿ ಮಾತಾಡಿಸಿ ಹೋದ. ನಿಮ್ಮ ವಿಷಯ ಕೇಳಿದರೆ "ಹೊರಡ್ತೀನಿ, ಹೊರಡ್ತೀನಿ ಅಂತಾರೆ" ಎಂದ.

ದೋನ್ಯಾ ಹಸಿಂತಾ ಮೇ ಕೊನೆಯಲ್ಲಿ ಜ್ವರ ಬಂದು ಸತ್ತಳು. ಅವಳ ಜಾಗ ಇನ್ನೂ ಬೆಚ್ಚಗಿತ್ತು. ಆಗ ನನಗೆ ಕೋಲೂ ಬೇಡ, ಮರ್ಯಾದೆಯೂ ಬೇಡ, ನೈದಾಳ ತಲೆ ಬಾಚಿದರೆ ಸಾಕು ಎನ್ನಿಸಿತು.

ನ್ಯಾಯಾಧೀಶರು ಕಂಪ್ಯೂಟರ್ ಪರದೆಯ ಮೇಲೆ ಬಂದರು. ತಪ್ಪೊಪ್ಪಿಗೆಯನ್ನು ನನ್ನ ಕೈಯಾರೆ ಬರೆಯಬೇಕು ಎಂದರು. "ಆ ಹಾಳೆಗಳಲ್ಲಿರುವ ಕೈಬರಹ ನನ್ನದು" ಎಂದು ನನ್ನ ಕೈಬರಹದಲ್ಲೇ ಬರೆದುಕೊಟ್ಟೆ. ಎರಡನ್ನೂ ಪಕ್ಕಪಕ್ಕ ಇಟ್ಟು ಯಾರಾದರೂ ನೋಡುತ್ತಾರೆ ಎಂದು ಕಾದೆ. ಗುಮಾಸ್ತ ಮುದ್ರೆ ಒತ್ತಿ, ಫೈಲಿಗೆ ಹಾಕಿ ದಾರ ಕಟ್ಟಿದ.

ಈಗ ಪ್ರತಿ ಸೋಮವಾರ ಕಚೇರಿಗೆ ಹೋಗಿ ಸಹಿ ಮಾಡಬೇಕು, ವರ್ಷದ ಕೊನೆಯವರೆಗೆ. ಅದಕ್ಕೇ ಊರಿಗೆ ಬಂದಿಲ್ಲ, ರುಫೀನೋ ಆಗಾಗ ನೈದಾಳನ್ನು ಇಲ್ಲಿಗೆ ಕರೆತರುತ್ತಾನೆ.

ನೀವು ಇನ್ನು ಕೋರ್ಟಿಗೆ ಹೋಗಬೇಡಿ. ನೀವು ಈಗ ನಿಜ ಹೇಳಿದರೆ, ನಾನು ನ್ಯಾಯಾಧೀಶರ ಮುಂದೆ ಸುಳ್ಳು ಬರೆದುಕೊಟ್ಟಂತಾಗುತ್ತದೆ, ಅದಕ್ಕೆ ಬೇರೆ ಸಜೆ ಎಂದು ವಕೀಲರು ಹೇಳಿದರು. ಹೇಳುವ ಕಾಲದಲ್ಲಿ ನೀವು ಹೇಳಲಿಲ್ಲ.

ಒಂದೇ ಒಂದು ಕೇಳುತ್ತೇನೆ. ಡಿಸೆಂಬರಿನ ಊರ ಸಭೆಯಲ್ಲಿ ನಮ್ಮ ಮನೆಯ ಸರದಿಯ ಮಾತು ಬರುತ್ತದೆ. ಅಲ್ಲಾದರೂ ನನ್ನ ಪರವಾಗಿ ನಿಲ್ಲಿ.

ಸೆನೋಬಿಯಾ

*

ಕಾಲಾಪಾತ
13 ಡಿಸೆಂಬರ್ 2020

ಮಗಳೇ,

ಹಾಗೆ ಕರೆಯುವ ಹಕ್ಕು ಉಳಿದಿದೆಯೋ ಇಲ್ಲವೋ ತಿಳಿಯದು. ಬೇರೆಯವರ ಬಾಯಿಂದ ಕೇಳುವ ಮುಂಚೆ ನನ್ನಿಂದಲೇ ಕೇಳು.

ನಿನ್ನೆ ಸಭೆ ಕೂಡಿತು. ದೋನ್ ಎಲೆಉತೇರಿಯೋ ಕೋಲು ಮುಂದಿಟ್ಟುಕೊಂಡು ಕೂತಿದ್ದ. ನಿಮ್ಮ ಮನೆಯ ಸರದಿಯ ಮಾತು ಬರುತ್ತಲೇ ನಾನು ಎದ್ದು ನಿಂತೆ.

"ಆ ನಾಲ್ಕು ಹಾಳೆ ಬರೆದವನು ನಾನು. ಏಳನ್ನ ತಿದ್ದಿದವನೂ ನಾನೇ. ಆ ಹುಡುಗಿ ಬರೀ ಸಹಿ ಮಾಡಿದ್ದು" ಎಂದೆ.

ಯಾರೂ ಬೆಚ್ಚಲಿಲ್ಲ. ಹಿಂದೆ ಯಾರೋ ಕೆಮ್ಮಿದರು.

"ಗೊತ್ತು ಮೇಷ್ಟ್ರೇ. ನಾವೆಲ್ಲಾ ಅಲ್ಲೇ ಇದ್ವಲ್ಲ" ಎಂದ ಎಲೆಉತೇರಿಯೋ.

"ಗೊತ್ತಿದ್ದೂ ಒಂದು ವರ್ಷ ಸುಮ್ನಿದ್ರಾ?"

"ನೀವು ಸುಮ್ನಿದ್ರಿ. ನಾವು ನಿಮ್ಮ ಮುಖ ನೋಡಿ ಸುಮ್ನಾದ್ವಿ. ಕೂತ್ಕೊಳ್ಳಿ. ಕೋರ್ಟಿನ ಕಾಗದದಲ್ಲಿ ಅವಳ ಹೆಸರಿದೆ, ನಿಮ್ಮದಿಲ್ಲ. ಕಟ್ಟಳೆ ಕಟ್ಟಳೆಯೇ. ಬರ್ಕೊಳ್ಳಿ."

ಆಡಿಕೊಳ್ಳುತ್ತಾರೆ, ಉಗಿಯುತ್ತಾರೆ ಎಂದು ಒಂದು ವರ್ಷ ಹೆದರಿದ್ದೆ. ಯಾರೂ ಉಗಿಯಲಿಲ್ಲ. ಒಬ್ಬರು ನನ್ನ ಕುರ್ಚಿ ಸರಿಮಾಡಿದರು, ಇನ್ನೊಬ್ಬರು ಪುಸ್ತಕ ತೆರೆದಿಟ್ಟರು. ಸಜೆಗೆ ಒಳಗಾದ ಕಾರಣ ಸೆನೋಬಿಯಾ ಅಲಾನೋಕಾ ಅವರ ಮನೆಗೆ ಈ ಸುತ್ತಿನಲ್ಲಿ ಕೋಲು ಇಲ್ಲ, ಸರದಿ ಮುಂದಿನ ಮನೆಗೆ ಎಂದು ಹೇಳಿದರು. ನಾನು ಬರೆದೆ. ಅಕ್ಷರ ಎಂದಿನಂತೆ ಚೆನ್ನಾಗಿಯೇ ಬಂತು.

ಬರೆದ ಮೇಲೆ, ಇನ್ನು ಈ ಕೆಲಸ ಬೇರೆಯವರಿಗೆ ಕೊಡಿ ಎಂದೆ. ಅಕ್ಟೋಬರಿನ ಮರುಚುನಾವಣೆಯಲ್ಲಿ ನಾಲ್ಕು ಮೇಜಿನವರೂ ತಮ್ಮ ತಮ್ಮ ಹಾಳೆ ತಾವೇ ಬರೆದರಲ್ಲ, ತಡವಾದರೂ ಸರಿಯಾಗಿಯೇ ಬರೆದರಲ್ಲ ಎಂದೂ ಹೇಳಿದೆ. ಅವರು ನಕ್ಕರು. "ಇನ್ನೊಂದು ವರ್ಷ ಮೇಷ್ಟ್ರೇ. ನಿಮ್ಮಂಥ ಕೈ ಯಾರಿಗಿದೆ?" ಎಂದರು. ಆ ಅಧ್ಯಕ್ಷರ ಸುತ್ತ ನಿಂತವರೂ ಹೀಗೆಯೇ ಹೇಳಿರಬೇಕು.

ನಾನು ಆಗಲಿ ಎಂದೆ. ಯಾಕೆ ಎಂದು ಕೇಳಬೇಡ. ರಾತ್ರಿಯೆಲ್ಲ ನಾನೂ ಕೇಳಿಕೊಂಡೆ.

ನಿರ್ಧಾರ ಯಾರ ಮೇಲೆ ಆಗಿದೆಯೋ ಅವರು ಪುಟದ ಕೆಳಗೆ ಸಹಿ ಮಾಡಬೇಕು. ನೀನು ಬರುವುದು ಬೇಡ. ನೀನು ಬಂದು ಸಹಿ ಹಾಕಿದಂತೆ ನಾನೇ ಏನಾದರೂ ಮಾಡುತ್ತೇನೆ.

ಸತುರ್ನಿನೋ

*

ಎಲ್ ಆಲ್ಟೊ
20 ಡಿಸೆಂಬರ್ 2020

ಮೇಷ್ಟ್ರೇ,

ನೀವೇನೂ ಮಾಡಬೇಡಿ. ನಾನೇ ಬರುತ್ತೇನೆ.

ಜನವರಿ ಎರಡನೆಯ ತಾರೀಖು ಮಧ್ಯಾಹ್ನದ ಬಸ್ಸು. ಊರವರನ್ನೆಲ್ಲ ಶಾಲೆಗೆ ಕರೆಸಿ. ನೈದಾಳೂ ಇರಲಿ. ಆ ಪುಟ ತೆರೆದಿಡಿ, ಲೇಖನಿಯನ್ನು ಮೇಜಿನ ಮೇಲೆ ಇಡಿ, ನಿಮ್ಮ ಜೇಬಿನಲ್ಲಿ ಬೇಡ.

ಸಹಿಗೆ ಮುಂಚೆ, ಆ ಸಂಜೆ ಏನು ನಡೆಯಿತು, ಯಾರು ಬರೆದರು, ಯಾರು ನಕ್ಕರು, ಯಾರು ಸುಮ್ಮನಿದ್ದರು ಎಂದು ಅದೇ ಪುಟದಲ್ಲಿ ಬರೆಯುತ್ತೇನೆ. ನಾನು ಯಾರಿಗೆ ಮತ ಹಾಕಿದೆ ಎಂಬುದನ್ನೂ ಬರೆಯುತ್ತೇನೆ. ಊರ ಪುಸ್ತಕ ಕೋರ್ಟಿಗೆ ಹೋಗುವುದಿಲ್ಲ, ನಿಮ್ಮ ಪಿಂಚಣಿಗೆ ಏನೂ ಆಗುವುದಿಲ್ಲ. ಕೋಲು ಹೋದದ್ದು ಹೋಯಿತು. ಮೂವತ್ತೊಂದು ವರ್ಷಕ್ಕೆ ಅದು ಮತ್ತೆ ನಮ್ಮ ಬಾಗಿಲಿಗೆ ಬಂದಾಗ ನೈದಾ ಓದಿಕೊಳ್ಳಲಿ.

ನನಗೆ ಹೊತ್ತು ಹಿಡಿಯುತ್ತದೆ. ಸಾಲು ಮೇಲೆ ಕೆಳಗೆ ಹೋಗುತ್ತದೆ, ತಪ್ಪೂ ಆಗುತ್ತದೆ. ನೋಡುತ್ತ ನಿಮ್ಮ ಕೈ ತುಡಿಯುತ್ತದೆ, ನಿಮ್ಮನ್ನು ನಾನು ಬಲ್ಲೆ. ಎದುರಿಗೇ ಕೂತಿರಿ, ಪೂರ್ತಿ ನೋಡಿ. ಮುಟ್ಟಬೇಡಿ.

ಸೆನೋಬಿಯಾ ಅಲಾನೋಕಾ